ಅಮ್ಮನ ವೀಲುನಾಮೆ, ಮಾವನ ಸಾಕ್ಷಿ

ನಾವುಂದದ ಮನೆಯನ್ನು ನನ್ನ ಹೆಸರಿಗೆ ಬರೆದಿಟ್ಟು ಅಮ್ಮ ತೀರಿಕೊಂಡಳು. ಆ ವೀಲುನಾಮೆ ಸರಿಯೆಂದು ಕೋರ್ಟು ಕೊಡುವ ಪ್ರೊಬೇಟ್ ಕೇಳಿ ನಾನು ಕುಂದಾಪುರದ ಕೋರ್ಟಿಗೆ ಹೋದರೆ, ತಕರಾರು ಹಾಕಿದವನು ಅವಳ ಒಡಹುಟ್ಟಿದ ತಮ್ಮ, ನನ್ನ ಸೋದರಮಾವ. ಕಟಕಟೆಯಲ್ಲಿ ನಿಂತು ಹೇಳಿದ: "ವೀಲ್ ಬರ್ಸುವಾಗ ಅಕ್ಕನಿಗೆ ತಲೆ ಸಮ ಇರ್ಲಿಲ್ಲ. ನಾನ್ ಯಾರಂದೇ ಗುರ್ತ ಸಿಕ್ತಿರ್ಲಿಲ್ಲ."

ಸಾಯುವ ಹಿಂದಿನ ವಾರವೂ ಅಮ್ಮ ಬಂಗುಡೆಯ ಕಿವಿರು ಎತ್ತಿ ನೋಡಿ, ಹಾಳಾದದ್ದನ್ನು ಮೀನಿನವಳ ಬುಟ್ಟಿಗೆ ವಾಪಸು ಎಸೆದಿದ್ದಳು.

ಮಾವ ಸಾಕ್ಷಿ ಹೇಳಿದ ವಾರವೇ ಅಮ್ಮನ ವರ್ಷಾಂತಿಕ. ನಮ್ಮಲ್ಲಿ ಸತ್ತವರ ಇಷ್ಟದ ಅಡುಗೆಯನ್ನು ಎಲೆಗೆ ಬಡಿಸಿ, ಪಕ್ಕದಲ್ಲಿ ಹೊಸ ಬಟ್ಟೆ ಇಟ್ಟು, ಅವರು ಬಂದು ಉಣ್ಣಲೆಂದು ಬಾಗಿಲು ಮುಚ್ಚಿ ಹೊರಗೆ ನಿಲ್ಲುತ್ತೇವೆ. ಮಾವ ನಾಚಿಕೆಯಿಲ್ಲದೆ ಬಂದ. ಬಂಗುಡೆ ಸಾರನ್ನು ತಾನೇ ಬಡಿಸಿ, "ಅಕ್ಕಾ, ನನ್ ಮಕ್ಳ್ ಮರಿನ ನೀನೇ ಕಾಯ್ಕ್" ಎಂದು ಕೈಮುಗಿದ.

ನನಗೆ ತಡೆಯಲಾಗಲಿಲ್ಲ. "ಮಾವಾ, ಅಮ್ಮಂಗೆ ನಿಮ್ಮ ಗುರ್ತವೇ ಇರ್ಲಿಲ್ಲ ಅಂದ್ರಿ. ಈಗ ಬಡ್ಸಿದ್ದ್ ಯಾರಂದ್ ಹ್ಯಾಂಗೆ ಗೊತ್ತಾತ್ತ್?"

"ಅದ್ ಕೋರ್ಟಿನ್ ಮಾತ್ ಮಾರಾಯ್ತಿ" ಎಂದವನೇ, ಸಾರು ಮೆತ್ತಿದ ಕೈಯನ್ನು ಎಲೆಯ ಪಕ್ಕದಲ್ಲಿದ್ದ ಅಮ್ಮನ ಹೊಸ ಸೀರೆಗೆ ಒರೆಸಿಕೊಂಡ.