ನೀರೊಲೆಗೆ ಇಟ್ಟ ಗುಂಡು

ದೇವೀರಮ್ಮ, ನಿನ್ನ ಬಲಗೈ ಹೋದದ್ದು ನಿನ್ನ ಗಂಡ ಕೆಂಚೇಗೌಡ ಹಂದಿ ಹೊಡೆಯೋಕೆ ಅಂತ ಬಚ್ಚಿಟ್ಟಿದ್ದ ಮದ್ದಿನಿಂದಲ್ಲ. ನನ್ನಿಂದ. ಹತ್ತು ವರ್ಷದ ಹಿಂದೆ ನಿಮ್ಮ ಹಿತ್ತಲ ನೀರೊಲೆಯಲ್ಲಿ ಸಿಡಿದದ್ದು ನಿಮ್ಮ ಮೇಡುಹೊಲದಲ್ಲಿ ಸಿಕ್ಕಿದ ಆ ಹಳೇ ಫಿರಂಗಿ ಗುಂಡು. ಅದು ಸಿಡಿಯಬಹುದು ಅಂತ ನನಗೆ ಗೊತ್ತಿತ್ತು. ನಿನಗೂ ಹೇಳಲಿಲ್ಲ, ಅವನಿಗೂ ಹೇಳಲಿಲ್ಲ. ಆಮೇಲೆ ಅವನು ಕೇಳಿದಾಗ — ಸುಳ್ಳು ಹೇಳಿದೆ.

ಮಳವಳ್ಳಿಯ ಹೈಸ್ಕೂಲಿನಲ್ಲಿ ಮೂವತ್ತು ವರ್ಷ ಇತಿಹಾಸ ಹೇಳಿದವನು ನಾನು. ಶ್ರೀರಂಗಪಟ್ಟಣ ಬೀಳುವುದಕ್ಕೆ ಮುಂಚೆ ಸುಲ್ತಾನನ ಸೈನ್ಯ ಇಂಗ್ಲಿಷರನ್ನು ಅಡ್ಡಗಟ್ಟಿದ್ದು ನಮ್ಮ ಈ ದಿಬ್ಬಗಳ ಮೇಲೆ. ಮೂಡಲಿಂದ ಎತ್ತುಗಳ ಕೈಲಿ ಫಿರಂಗಿ ಎಳೆಸಿಕೊಂಡು ಬಂದರಲ್ಲ, ಆ ಪರದೇಶದವರನ್ನು ಇಲ್ಲೇ ತಡೆದಿದ್ದರೆ — ಅಂತ ಪ್ರತಿ ವರ್ಷ ಬೋರ್ಡಿನ ಮೇಲೆ ಗೆರೆ ಎಳೆದು ಕೂಗಾಡುತ್ತಿದ್ದೆ. ಪಠ್ಯಪುಸ್ತಕದಲ್ಲಿ ಆ ಕಾಳಗಕ್ಕೆ ಇದ್ದದ್ದು ಒಂದೂವರೆ ಸಾಲು. ಅದು ನನಗೆ ಮೈಯುರಿ. ಅದಕ್ಕೇ ನಾನೇ ಪುಸ್ತಕ ಬರೆಯೋಕೆ ಕೂತೆ. ಊರಲ್ಲಿ ನಕ್ಕರು. ನಗದೆ ಇದ್ದವನು ಕೆಂಚ ಒಬ್ಬನೇ.

ಮೇಡುಹೊಲ ಮಟ್ಟ ಮಾಡಿಸುವಾಗ ಜೆಸಿಬಿ ಬಾಯಿಗೆ ಆ ಗುಂಡು ಸಿಕ್ಕಿತು. ಕೆಂಚ ಅದನ್ನು ಟವೆಲ್ಲಿನಲ್ಲಿ ಸುತ್ತಿ, ಮಗು ಎತ್ತಿಕೊಂಡ ಹಾಗೆ ಎತ್ತಿಕೊಂಡು ಬಂದ. ಇಬ್ಬರೇ ಇದ್ದಾಗ ನಾವು ಒಂದನೇ ಕ್ಲಾಸಿನ ಗೆಳೆಯರೇ ತಾನೆ.

“ಲೇ, ನಿನ್ನ ಸುಲ್ತಾನಂದೋ ಇಂಗ್ಲಿಸ್ನೋರ್ದೋ ನೋಡ್ಲಾ. ಇನ್ಮೇಲೆ ಯಾವನ್ ನಗ್ತಾನೆ ನೋಡಾನ!”

ಕೈಗೆ ತಗೊಂಡೆ. ಆ ಗಾತ್ರದ ಕಬ್ಬಿಣ ಇರಬೇಕಾದಷ್ಟು ಭಾರ ಇರಲಿಲ್ಲ. ಒಂದು ಕಡೆ ಹೆಬ್ಬೆರಳು ತೂರುವಷ್ಟು ತೂತು. ಅದರೊಳಗೆ ಮಣ್ಣು, ಕೊಳೆತ ಮರದ ಬೆಣೆ. ಫೋಟೋ ತೆಗೆದು ಮೈಸೂರಿನ ಒಬ್ಬ ಹಿರಿಯ ಸಂಶೋಧಕರಿಗೆ ಕಳಿಸಿದೆ. ಅವರು ಕೂಡಲೇ ಫೋನ್ ಮಾಡಿದರು. ಗಟ್ಟಿ ಗುಂಡು ಬಡಿಯುತ್ತೆ ಅಷ್ಟೇ, ಟೊಳ್ಳು ಗುಂಡಿನೊಳಗೆ ಮದ್ದು ತುಂಬಿರುತ್ತೆ ಅಂದರು. ಒಣಗಿದರೆ ಈಗಲೂ ಸಿಡಿಯಬಹುದು, ಬೆಂಕಿಯಿಂದ ದೂರ ಇಡಿ, ಇವತ್ತೇ ಪೊಲೀಸರಿಗೆ ತಿಳಿಸಿ ಅಂದರು. ಇನ್ನೆಷ್ಟು ಬಿಡಿಸಿ ಹೇಳಬೇಕಿತ್ತು ಅವರು?

ನಾನು ತಿಳಿಸಲಿಲ್ಲ. ಹನ್ನೆರಡು ದಿನಕ್ಕೆ ಪುಸ್ತಕ ಬಿಡುಗಡೆ ಇತ್ತು. ವೇದಿಕೆ ಮೇಲೆ ರೇಷ್ಮೆ ವಸ್ತ್ರ ಮುಚ್ಚಿ ಗುಂಡು ಇಡಬೇಕು, ನಾನೇ ವಸ್ತ್ರ ಎತ್ತಬೇಕು, ನಕ್ಕವರೆಲ್ಲ ಮುಂದಿನ ಸಾಲಿನಲ್ಲಿ ಕೂತು ನೋಡಬೇಕು — ಈ ಹುಚ್ಚು ಹಿಡಿದಿತ್ತು. ಪೊಲೀಸರು ಬಂದರೆ ಹೊತ್ತುಕೊಂಡು ಹೋಗಿ ನಾಶ ಮಾಡಿಬಿಡುತ್ತಾರೆ. ಕೆಂಚನಿಗಾದರೂ ಹೇಳಬಹುದಿತ್ತಲ್ಲ ಅಂತೀಯ? ಅವನ ಹೊಟ್ಟೆಯಲ್ಲಿ ಒಂದು ಮಾತು ನಿಲ್ಲುತ್ತಿರಲಿಲ್ಲ, ನಿನಗೇ ಗೊತ್ತು. “ಕೊಟ್ಟಿಗೆ ಮೂಲೇಲಿ ಮಡಗು, ಸಮಾರಂಭದ ದಿನ ತಗೊಂಡು ಹೋಗಾನ” ಅಂದೆ. ನನ್ನ ಮನೆಯಲ್ಲಿ ಇಟ್ಟುಕೊಳ್ಳಲಿಲ್ಲ ನೋಡು. ಯಾಕೆ ಇಟ್ಟುಕೊಳ್ಳಲಿಲ್ಲ — ಅದನ್ನು ನಾನು ಬಿಡಿಸಿ ಬರೆಯಬೇಕಾಗಿಲ್ಲ.

ದೀಪಾವಳಿ ಬಂತು. ಹಂಡೆಗೆ ನೀರು ತುಂಬಿದ ಮಾರನೇ ಬೆಳಿಗ್ಗೆ ಊರಿಗೆ ಊರೇ ಎಣ್ಣೆ ಹಚ್ಚಿಕೊಂಡು ನೀರೊಲೆ ಉರಿಸುತ್ತಿತ್ತು. ಓಣಿಯಲ್ಲೆಲ್ಲ ಪಟಾಕಿ. ಅದರ ನಡುವೆ ಒಂದು ಸದ್ದು — ಕಿಟಕಿಯ ಗಾಜು ನಡುಗಿತು. “ಯಾವನಪ್ಪ ಇಂಥ ಪಟಾಕಿ ತಂದೋನು” ಅಂತ ನನ್ನ ಹೆಂಡತಿ ಬೈದಳು. ನನಗೆ ಆಗಲೇ ಗೊತ್ತಾಯಿತು.

ನಾನು ಓಡಿ ಬರುವಷ್ಟರಲ್ಲಿ ನಿನ್ನನ್ನು ಆಟೋಗೆ ಹಾಕುತ್ತಿದ್ದರು. ಸುತ್ತಿದ ಸೀರೆಯೆಲ್ಲ ರಕ್ತ. “ಒಲೆಕಲ್ಲು ಬಿರಿದೋಗಿತ್ತು, ಆ ಗುಂಡ್ ಇಟ್ಟೆ ಕಣ್ರಪ್ಪೋ, ಇನ್ನೇನೂ ಮಾಡ್ನಿಲ್ಲ” ಅಂತ ಕೂಗುತ್ತಿದ್ದೆ ನೀನು. ಅಯ್ಯೋ, ಹಂಡೆಗೆ ಮೂರನೇ ಕಲ್ಲು ಇಲ್ಲದಿದ್ದರೆ ಯಾವ ಹೆಂಗಸಾದರೂ ಕೈಗೆ ಸಿಕ್ಕ ಭಾರದ ಗುಂಡು ಇಡುತ್ತಾಳೆ. ನಿನ್ನ ತಪ್ಪು ಅದರಲ್ಲಿ ಸಾಸಿವೆಯಷ್ಟೂ ಇಲ್ಲ.

ಎಲ್ಲರೂ ಆಟೋ ಹಿಂದೆ ಓಡಿದರು. ನಾನು ಹಿತ್ತಲಲ್ಲೇ ಉಳಿದೆ. ನುಗ್ಗೆಮರದ ಬುಡದಲ್ಲಿ ಕಬ್ಬಿಣದ ಚೂರೊಂದು ಬಿದ್ದಿತ್ತು — ಆ ತೂತು ಇದ್ದ ಚೂರು. ಇನ್ನೂ ಬಿಸಿ ಇತ್ತು. ಪಂಚೆಯ ಚುಂಗಿನಲ್ಲಿ ಹಿಡಿದು ಸೊಂಟಕ್ಕೆ ಸಿಕ್ಕಿಸಿಕೊಂಡೆ. ಅದು ಸುಟ್ಟ ಕಲೆ ಇನ್ನೂ ಇದೆ.

ಪೊಲೀಸರು ಬಂದು, ಇತಿಹಾಸದ ಮೇಷ್ಟ್ರು ಅಂತ ನನ್ನನ್ನೇ ಕೇಳಿದರು. ಅದು ಗಟ್ಟಿ ಗುಂಡು, ತಾನಾಗೇ ಸಿಡಿಯೋದಿಲ್ಲ, ಪಕ್ಕದಲ್ಲಿ ಬೇರೆ ಮದ್ದು ಸಿಡಿದಿದ್ದರೆ ಒಡೆದಿರಬಹುದು ಅಂದೆ. ಅಷ್ಟೇ ಸಾಕಾಯಿತು. ಆ ವರ್ಷ ಹಂದಿ ಕಾಟಕ್ಕೆ ಕೆಂಚ ಟೀ ಅಂಗಡಿಯಲ್ಲಿ “ಮದ್ದಿಕ್ತೀನಿ ಬಡ್ಡೆತ್ತವಕ್ಕೆ” ಅಂತ ಕೂಗಾಡಿದ್ದನ್ನು ಊರೆಲ್ಲ ಕೇಳಿತ್ತು. ಸೌದೆ ರಾಶಿಯಲ್ಲಿ ಸಿಡಿಮದ್ದು ಬಚ್ಚಿಟ್ಟಿದ್ದಾನೆ, ಅದು ಸೌದೆ ಜೊತೆ ಒಲೆಗೆ ಹೋಗಿದೆ ಅಂತ ಅವನ ಮೇಲೆ ಕೇಸು ಬರೆದುಕೊಂಡರು.

ಮಂಡ್ಯದ ಆಸ್ಪತ್ರೆಯ ಮೆಟ್ಟಿಲ ಮೇಲೆ ಕೆಂಚ ನನ್ನ ಪಕ್ಕ ಬಂದು ಕೂತ. ಸುತ್ತಮುತ್ತ ಯಾರೂ ಇರಲಿಲ್ಲ. ಆದರೂ ಅವನು ಲೇ ಅನ್ನಲಿಲ್ಲ.

“ಮೇಷ್ಟ್ರೇ, ನಿಜ ಯೋಳಿ. ಆ ಗುಂಡೇನಾರ ಸಿಡೀತಾ? ನಾನಂತೂ ಮದ್ದು ತಂದಿಲ್ಲ.”

“ಇನ್ನೂರು ವರ್ಷದ ಗಟ್ಟಿ ಕಬ್ಬಿಣ ಕಣ್ಲಾ ಅದು. ಎಲ್ಲಾನ ಸಿಡೀತದಾ?”

ಹಾಗಾದರೆ ಸೌದೆ ಮಾರಿದವನು ಏನಾದರೂ ಸೇರಿಸಿದ್ದನೋ ಏನೋ ಅಂದ. ನನ್ನ ಮಾತನ್ನು ಬಿಟ್ಟು ತನ್ನ ಮನೆಯ ಸೌದೆಯನ್ನೇ ಅನುಮಾನಿಸಿದ.

ಪುಸ್ತಕ ಬಿಡುಗಡೆ ಆಯಿತು. ಫೋಟೋದ ಕೆಳಗೆ “ಟೊಳ್ಳು ಗುಂಡು” ಅಂತ ಇದ್ದದ್ದನ್ನು ಪ್ರೆಸ್ಸಿಗೆ ಹೋಗಿ “ಗಟ್ಟಿ ಗುಂಡು” ಅಂತ ತಿದ್ದಿಸಿದ್ದೆ. ನನ್ನ ಇತಿಹಾಸದ ಯೋಗ್ಯತೆ ಅಷ್ಟು. ಕೋರ್ಟು ಸಾಕ್ಷಿ ಸಾಲದು ಅಂತ ಕೆಂಚನನ್ನು ಬಿಟ್ಟಿತು. ಊರು ಬಿಡಲಿಲ್ಲ. ನೀನಂತೂ ಬಿಡಲಿಲ್ಲ — ಒಂಬತ್ತು ವರ್ಷ ಒಂದೇ ಸೂರಿನ ಕೆಳಗೆ ಇದ್ದು ಅವನ ಜೊತೆ ಒಂದು ಮಾತಾಡಲಿಲ್ಲ. ಎಡಗೈಯಲ್ಲಿ ಮುದ್ದೆ ಕಟ್ಟಿ, ತಟ್ಟೆ ನೆಲಕ್ಕಿಟ್ಟು ಹೋಗುತ್ತಿದ್ದೆ. ಅದೇ ಎಡಗೈಯಲ್ಲಿ ನನಗೂ ಬಡಿಸಿದ್ದೀಯ, “ಇನ್ನೊಂಚೂರು ಇಕ್ಕುಸ್ಕಳಿ ಮೇಷ್ಟ್ರೇ” ಅಂದಿದ್ದೀಯ. ನಾನು ಇಕ್ಕಿಸಿಕೊಂಡು ಉಂಡಿದ್ದೀನಿ. ಕೆಂಚ ಎದುರಿಗೇ ತಲೆ ತಗ್ಗಿಸಿ ಉಣ್ಣುತ್ತಿದ್ದ. ಹೋದ ವರ್ಷ ಹಾಗೇ ತೀರಿಹೋದ.

ಮೊನ್ನೆ ನೀನು ಫೋನ್ ಮಾಡಿದೆ. ಮೇಡುಹೊಲದ ಉಳಿದ ಭಾಗ ಮಟ್ಟ ಮಾಡಿಸುತ್ತಿದ್ದೀನಿ, ಅಂಥದೇ ಇನ್ನೊಂದು ಸಿಕ್ಕದೆ, ಹಿತ್ತಲಲ್ಲಿ ಒಲೆ ಪಕ್ಕ ಮಡಗಿವ್ನಿ, ನಿಮ್ಮ ಪುಸ್ತಕಕ್ಕೆ ಬೇಕಾಯ್ತದೇನೋ ಬನ್ನಿ ಅಂದೆ. ಅದರಲ್ಲಿ ತೂತು ಇದೆಯಾ ಅಂತ ನಾನು ಕೇಳಿದೆ. ನೀನು ಇದೆ ಅಂದೆ. ದೀಪಾವಳಿಗೆ ಇನ್ನು ಒಂದೇ ವಾರ.

“ಒಲೆ ಹಚ್ಚಬ್ಯಾಡ! ಅದನ್ನ ಮುಟ್ಟಬ್ಯಾಡ ಕಣವ್ವ, ಮೊದಲು ಮನೆಯಿಂದ ಆಚೆ ಬಾ!” ಅಂತ ಕಿರುಚಿದೆ.

“ಯಾಕ್ ಮೇಷ್ಟ್ರೇ? ಕಬ್ಬಿಣ ಸಿಡಿಯಾಕಿಲ್ಲ ಅಂತ ನೀವೇ ಅಂದಿದ್ರಂತಲ್ಲ?”

ದೂರದಲ್ಲಿ ಜೆಸಿಬಿ ಗುರುಗುಟ್ಟುವುದು ಕೇಳುತ್ತಿತ್ತು. ಆಮೇಲೆ ನೀನು ಕೇಳಿದ್ದು ಒಂದೇ ಮಾತು, ತೀರ ಮೆಲ್ಲಗೆ. ಉತ್ತರ ಕೊಡದೆ ಫೋನ್ ಇಟ್ಟು ಪೊಲೀಸರಿಗೆ ತಿಳಿಸಿದೆ. ನಿನ್ನೆ ಮರಳಿನ ಚೀಲಗಳ ನಡುವೆ ಇಟ್ಟು ಅದನ್ನು ತಗೊಂಡು ಹೋದರು. ಹೊರಗಿನಿಂದ ಬಂದಿದ್ದ ಪರಿಣತರೊಬ್ಬರು ನೋಡಿ, ಒಳಗೆ ಮದ್ದಿದೆ ಅಂದರು. ಹಳೇ ಚೂರನ್ನೂ ಕೊಟ್ಟು, ನಡೆದದ್ದನ್ನೆಲ್ಲ ಬರೆದು ರುಜು ಹಾಕಿದ್ದೀನಿ. ಅವರು ಏನು ಮಾಡುತ್ತಾರೋ ಮಾಡಲಿ.

ನಿನಗೆ ಓದೋಕೆ ಬರೋದಿಲ್ಲ. ಅದಕ್ಕೇ ಭಾನುವಾರ ಬೆಳಿಗ್ಗೆ ಅರಳಿಕಟ್ಟೆ ಹತ್ತಿರ, ಕೆಂಚನನ್ನು ಕಂಡು ಮುಖ ತಿರುಗಿಸುತ್ತಿದ್ದವರ ಎದುರಿಗೇ ಇದನ್ನು ನಾನೇ ಗಟ್ಟಿಯಾಗಿ ಓದುತ್ತೀನಿ. ನೀನು ಬರಬಹುದು, ಬರದೆ ಇರಬಹುದು. ಕ್ಷಮಿಸು ಅಂತ ಕೇಳೋದಿಲ್ಲ. ನೀನು ಕೇಳಿದ್ದಕ್ಕೆ ಉತ್ತರ ಕೊಡೋದೊಂದೇ ನನಗೆ ಉಳಿದಿರೋದು.

“ಅಂಗಾದ್ರೆ ನಮ್ಮ ಯಜಮಾನ್ರು ಸುಳ್ಳು ಯೋಳ್ನಿಲ್ವಾ ಮೇಷ್ಟ್ರೇ?”

ಇಲ್ಲ ಕಣವ್ವ. ಅವನು ಒಂದು ದಿನವೂ ಸುಳ್ಳು ಹೇಳಲಿಲ್ಲ.