ಕರಿಯವ್ವ ಗಂಡನ ಹೆಸರು ಹೇಳಿದ್ದು

ದಾವಣಗೆರೆಯ ಮಂಡಕ್ಕಿ ಭಟ್ಟಿಯಲ್ಲಿ ದುಡಿಯುತ್ತಿದ್ದ ಕರಿಯವ್ವನ ಬಾಯಿ ಎಂಥದ್ದೆಂದು ಭಟ್ಟಿಯ ಮಾಲೀಕನನ್ನೇ ಕೇಳಬೇಕು. ಕೂಲಿಯಲ್ಲಿ ಕಾಸು ಮುರಿದರೆ ಓಣಿಗೆಲ್ಲ ಕೇಳುವಂತೆ ಜಗಳಕ್ಕೆ ನಿಲ್ಲುತ್ತಿದ್ದಳು. ಅಂಥ ಬಾಯಲ್ಲೂ ಗಂಡನ ಹೆಸರು ಮಾತ್ರ ಬರುತ್ತಿರಲಿಲ್ಲ. ಆ ಕಾಲದಲ್ಲಿ ನಮ್ಮ ಕಡೆಯ ಹೆಂಗಸರು ಯಾರೂ ಹೇಳುತ್ತಿರಲಿಲ್ಲ, ನಿಜ. ಕರಿಯವ್ವನದು ಇನ್ನೂ ಒಂದು ಕೈ ಮೇಲು. ಗಂಡನ ಹೆಸರು ಉಚ್ಚೆಂಗಪ್ಪ ಅನ್ನುವ ಕಾರಣಕ್ಕೆ ದೇವಿಯ ಗುಡಿಯಿರುವ ಉಚ್ಚಂಗಿ ಗುಡ್ಡವನ್ನೂ ಅವಳು ‘ಆ ಕಡಿ ಗುಡ್ಡ’ ಎನ್ನುತ್ತಿದ್ದಳು.

ಇಷ್ಟು ಮರ್ಯಾದೆ ಪಡೆದ ಪುಣ್ಯಾತ್ಮ ಮಾಡಿದ್ದೇನು? ಕಡರನಾಯಕನಹಳ್ಳಿಯ ಮನೆಗೆ ಇನ್ನೊಬ್ಬಳನ್ನು ಕರೆತಂದು, ಇವಳನ್ನೂ ಕೈಗೂಸು ಸುಂಕಲಮ್ಮನನ್ನೂ ಹೊರಗೆ ಹಾಕಿದ. ಕರಿಯವ್ವ ದಾವಣಗೆರೆಯ ಹತ್ತಿ ಗಿರಣಿಯಲ್ಲಿದ್ದ ಅಣ್ಣ ಮಾರಣ್ಣನ ಮನೆ ಸೇರಿದಳು. ೧೯೫೮ರಲ್ಲಿ ವಕೀಲ ಬಕ್ಕೇಶಪ್ಪನವರ ಮೂಲಕ ಹರಿಹರದ ಕೋರ್ಟಿನಲ್ಲಿ ಜೀವನಾಂಶಕ್ಕೆ ಅರ್ಜಿ ಹಾಕಿದಳು. ಉಚ್ಚೆಂಗಪ್ಪ ಕೂಡಲೇ ವರಸೆ ಬದಲಿಸಿದ. ಅವಳು ನಮ್ಮ ಹೊಲದ ಕೂಲಿಯವಳು, ಮದುವೆಯೇ ಆಗಿಲ್ಲ, ಕೂಸೂ ನನ್ನದಲ್ಲ ಎಂದು ಕೋರ್ಟಿಗೆ ಬರೆಸಿಕೊಟ್ಟ.

ಮದುವೆ ಊರ ಗುಡಿಯಲ್ಲೇ ಆಗಿತ್ತು. ಆದರೆ ಮಾಡಿಸಿದ ಅಯ್ಯನವರು ತೀರಿಕೊಂಡಿದ್ದರು. ಅಕ್ಕಿಕಾಳು ಹಾಕಿ ಹೋಳಿಗೆ ಉಂಡವರಿಗೆಲ್ಲ ಒಮ್ಮೆಗೇ ಮರೆವು ಬಂದಿತ್ತು. ಉಚ್ಚೆಂಗಪ್ಪನ ಹಂಗಿನಲ್ಲಿದ್ದವರಿಗೆ ನೆನಪು ಎಲ್ಲಿಂದ ಬರಬೇಕು? ಅಣ್ಣನ ಮಾತೊಂದೇ ಅವಳ ಪಾಲಿಗೆ ಉಳಿದ ಸಾಕ್ಷಿ.

“ಕಟಕಟೆಯಾಗ ಗಂಡನ ಹೆಸ್ರು ಕೇಳ್ತಾರ. ಬಾಯಿಬಿಟ್ಟು ಹೇಳ್ಬೇಕು ನೋಡವ್ವ,” ಎಂದು ಬಕ್ಕೇಶಪ್ಪನವರು ಮೊದಲೇ ಎಚ್ಚರಿಸಿದ್ದರು. ಕರಿಯವ್ವ ತಲೆಯಾಡಿಸಿದ್ದಳು.

ಕಟಕಟೆ ಹತ್ತಿದಾಗ ನಾಲಿಗೆ ಏಳಲಿಲ್ಲ.

“ಸುಂಕಲಮ್ಮನ ಅಪ್ಪ ರೀ,” ಎಂದಳು.

“ಹೆಸರು ಹೇಳಮ್ಮ,” ಎಂದರು ಮ್ಯಾಜಿಸ್ಟ್ರೇಟರು.

ಅವಳು ಸೆರಗಿನ ಚುಂಗು ಹಿಡಿದು ಸುಮ್ಮನೆ ನಿಂತಳು. ಎದುರು ಪಕ್ಷದ ವಕೀಲ ಎದ್ದು, “ಮದುವೆ ಆಗಿದ್ರೆ ತಾನೆ ಸ್ವಾಮಿ, ಹೆಸರು ಗೊತ್ತಿರೋದು,” ಎಂದ. ಜನ ನಕ್ಕರು. ಉಚ್ಚೆಂಗಪ್ಪ ಮೀಸೆ ಮೇಲೆ ಕೈ ಹಾಕಿದ.

ಹಿಂದಿನ ಬೆಂಚಿನಲ್ಲಿ ಮಾರಣ್ಣನ ತೊಡೆಯ ಮೇಲೆ ಮಗಳು ಕೂತಿದ್ದಳು. ಇವತ್ತು ತಾನು ಬಾಯಿ ಬಿಡದಿದ್ದರೆ ಈ ಕೂಸು ಜೀವಮಾನವಿಡೀ ಅಪ್ಪ ಯಾರೆಂದು ಗೊತ್ತಿಲ್ಲದವಳು ಅನ್ನಿಸಿಕೊಳ್ಳಬೇಕು. ಕರಿಯವ್ವ ಸೆರಗು ಬಿಗಿದು ಸೊಂಟಕ್ಕೆ ಸಿಕ್ಕಿಸಿದಳು.

“ಉಚ್ಚೆಂಗಪ್ಪ,” ಎಂದಳು. “ಕಡರನಾಯಕನಹಳ್ಳಿ ಉಚ್ಚೆಂಗಪ್ಪ. ಅಲ್ಲಿ ನಿಂತಾನಲ್ರಿ, ಅವ್ನೇ.”

ಹೆಸರಿನ ಜೊತೆಗೆ ಏಕವಚನ ಬೇರೆ. ಉಚ್ಚೆಂಗಪ್ಪನ ಮುಖ ಕೆಂಡವಾಯಿತು. ಎಲ್ಲಿ ನಿಂತಿದ್ದೇನೆ, ಏನು ಬರೆಸಿದ್ದೇನೆ ಎಲ್ಲವೂ ಮರೆತುಹೋಯಿತು.

“ಏನಲೇ, ಕಟ್ಕೊಂಡ ಗಂಡನ ಹೆಸ್ರು ಹಿಡ್ದು ಕರೀತೀಯ? ಮಂದಿ ಮುಂದ ನನ್ ಮರ್ಯಾದಿ ತೆಗೀತೀಯ?” ಎಂದು ಕೂಗಿದ.

ಅವನ ವಕೀಲ ಹಣೆ ಒತ್ತಿಕೊಂಡ. ಮ್ಯಾಜಿಸ್ಟ್ರೇಟರು ಕನ್ನಡಕ ತೆಗೆದು, “ಯಾರ ಗಂಡನಪ್ಪ?” ಎಂದು ಮೆತ್ತಗೆ ಕೇಳಿದರು. “‘ಕಟ್ಕೊಂಡ ಗಂಡ’ ಅಂದ ಮಾತು ದಾಖಲಾಗ್ಲಿ ಸ್ವಾಮಿ,” ಎಂದರು ಬಕ್ಕೇಶಪ್ಪನವರು.

ಮುಂದಿನ ವಾಯಿದೆಗೆ ತೀರ್ಪು ಬಂತು. ಉಚ್ಚೆಂಗಪ್ಪನ ಹೆಂಡತಿ ಕರಿಯವ್ವ, ಮಗಳು ಸುಂಕಲಮ್ಮ, ಇಬ್ಬರಿಗೂ ಅವನು ತಿಂಗಳು ತಿಂಗಳು ಜೀವನಾಂಶ ಕೊಡತಕ್ಕದ್ದು ಎಂದು ಓದಿದರು. ಮಾರಣ್ಣ ಅಳುತ್ತಲೇ ನಕ್ಕ. ಕರಿಯವ್ವ ಅಳಲಿಲ್ಲ. ಕಟಕಟೆಯಲ್ಲಿ ನಿಂತಿದ್ದ ಹಾಗೆಯೇ ನೆಟ್ಟಗೆ ನಡೆದು ಹೊರಗೆ ಬಂದಳು.

ದಾವಣಗೆರೆ ಬಸ್ಸಿನಲ್ಲಿ ಮಗಳನ್ನು ತೊಡೆಯ ಮೇಲೆ ಕೂರಿಸಿಕೊಂಡು ಅಣ್ಣನ ಕಡೆ ತಿರುಗಿದಳು.

“ಅಣ್ಣ, ಬರೋ ಹುಣ್ಣಿಮಿಗೆ ಉಚ್ಚಂಗಿ ಗುಡ್ಡಕ್ಕ ಹೋಗಿ ಒಂದು ಕಾಯಿ ಒಡಸ್ಕೊಂಡು ಬರಾಣ.”

ಮಾರಣ್ಣ ಬೆಪ್ಪಾಗಿ ನೋಡಿದ. “ಯಾವ ಗುಡ್ಡ ಅಂದಿ?”

“ಉಚ್ಚಂಗಿ ಗುಡ್ಡ,” ಎಂದಳು ಕರಿಯವ್ವ, ಬಸ್ಸಿನವರೆಲ್ಲ ತಿರುಗಿ ನೋಡುವ ಹಾಗೆ.