ಎಲ್ಲರಿಗೂ ಹಾಕುವ ನೀರು

ಚಾದರ ಬಿಚ್ಚಿದಾಗ ಗಂಜಿಯ ವಾಸನೆ ಬಂತು. ಬೇಸಿಗೆಯ ವಾಂತಿಭೇದಿಯಿಂದ ನಿತ್ರಾಣಳಾಗಿದ್ದ ಅವ್ವನ ಹಾಸಿಗೆಗೆಂದು ಆಸ್ಪತ್ರೆಯವರು ತಂದುಕೊಟ್ಟ ಬಿಳಿ ಚಾದರ. ಮಡಿಕೆಗಳು ಒಂದಕ್ಕೊಂದು ಅಂಟಿಕೊಂಡಿದ್ದವು. ಎಳೆದರೆ ಕಾಗದ ಹರಿದಂಥ ಸಪ್ಪಳ. ಅದನ್ನು ಹಾಸುವಷ್ಟರಲ್ಲಿ ನಾನು ತೆಲುಗು ನಾಡಿನ ಕುಷಾಯಿಗೂಡದ ನಮ್ಮ ಹಳೆಯ ಮನೆಯ ಪಡಸಾಲೆಯಲ್ಲಿದ್ದೆ. ಎದುರುಮನೆಯ ಡಾಕ್ಟರು ಬಾಗಿಲಲ್ಲಿ ನಿಂತಿದ್ದರು, ಗಂಜಿ ಹಾಕಿದ ಬಿಳಿ ಅಂಗಿಯಲ್ಲಿ...

ಬರೆದ ಕೂಡಲೇ ಅನುಮಾನ. ಅಂಗಿ ಬಿಳಿಯದೇ ಆಗಿತ್ತೇ? ತಿಳಿನೀಲಿ ಇದ್ದಿರಬಹುದು. ಈ ಕಥೆಯನ್ನು ನನಗೆ ನಾನೇ ಎಷ್ಟೋ ಸಲ ಹೇಳಿಕೊಂಡಿದ್ದೇನೆ. ಹೇಳಿದ ಸಲವೆಲ್ಲ ಅದರ ಮೇಲೆ ಇಸ್ತ್ರಿ ಓಡಿದೆ. ಸುಕ್ಕು ಇದ್ದಲ್ಲೇ ನಿಜ ಇತ್ತೋ ಏನೋ. ಹಾಗಾಗಿ ಸುಕ್ಕು ಕೈಗೆ ಸಿಕ್ಕ ಕಡೆ ಅದನ್ನು ಹಾಗೆಯೇ ಬಿಡುತ್ತೇನೆ.

ಅವರು ರಾಯಚೂರಿನವರು. ಹೆಂಡತಿ ಅಲ್ಲಿಯೇ ಕಾಲೇಜಿನ ಕೆಲಸದಲ್ಲಿದ್ದುದರಿಂದ ಇಲ್ಲಿ ಒಬ್ಬರೇ ಇದ್ದರು. ನಗರದ ಒಂದು ದೊಡ್ಡ ಆಸ್ಪತ್ರೆಯಲ್ಲಿ, ಜೀವ ಹಿಡಿದುಕೊಂಡು ಬಂದವರನ್ನೆಲ್ಲ ಮಲಗಿಸುವ ತೀವ್ರ ನಿಗಾ ವಿಭಾಗ ಅವರ ಕೈಯಲ್ಲಿತ್ತು. ಅಪ್ಪ ಹತ್ತಿರದ ಎಲೆಕ್ಟ್ರಾನಿಕ್ಸ್ ಕಾರ್ಖಾನೆಯಲ್ಲಿ ಕೆಲಸಕ್ಕಿದ್ದರು. ಇಡೀ ಗಲ್ಲಿಯಲ್ಲಿ ಕನ್ನಡದವರು ಎಂದರೆ ಡಾಕ್ಟರು ಮತ್ತು ನಾವು. ಭಾನುವಾರ ಬೆಳಿಗ್ಗೆ ರಸ್ತೆ ದಾಟಿ ಚಹಾಕ್ಕೆ ಬರುತ್ತಿದ್ದರು, ಕೈಯಲ್ಲಿ ಕೆಟ್ಟುಹೋದ ಏನಾದರೊಂದು ಯಂತ್ರ. ಅಪ್ಪ ಅದನ್ನು ಬಿಚ್ಚಿ ಬೆಸುಗೆ ಹಾಕುವ ತನಕ ಇವರು ಪಕ್ಕದಲ್ಲಿ ಕುಕ್ಕರುಗಾಲಿನಲ್ಲಿ ಕೂತು, ರೋಗಿಯ ಮನೆಯವರ ಹಾಗೆ ಕೇಳುತ್ತಿದ್ದರು: "ಉಳೀತೈತೇನ್ರಿ?"

ಅಂಗಿಗೆ ಗಂಜಿಯನ್ನು ತಾವೇ ಹಾಕಿಕೊಳ್ಳುತ್ತಿದ್ದರು, ಅಗತ್ಯಕ್ಕಿಂತ ಹೆಚ್ಚು.

"ಡಾಕ್ಟರ್ರ, ಅಂಗಿ ಕಾಣಾಕತ್ತೈತಿ. ಒಳಗ ನೀವು ಅದೀರೋ ಇಲ್ಲೋ?" ಎಂದು ಅವ್ವ ಕಾಡುತ್ತಿದ್ದಳು.

"ಅಂಗಿ ಡ್ಯೂಟಿಗೆ ಹೊಂಟೈತ್ರಿ ಅಕ್ಕಾರ. ನಾ ಹಿಂದಿಂದ ಹೊಕ್ಕೀನಿ."

ಅಪ್ಪನಿಗೆ ಜ್ವರ ಬಂದದ್ದು ಒಂದು ಚಳಿಗಾಲದಲ್ಲಿ. ಎದೆಯ ಸೋಂಕು ರಕ್ತಕ್ಕೆ ಇಳಿದಿತ್ತು. ಆಸ್ಪತ್ರೆ ಮುಟ್ಟುವ ಹೊತ್ತಿಗೆ ಕೈಕಾಲು ತಣ್ಣಗಾಗಿ, ಕೇಳಿದ್ದಕ್ಕೆ ಉತ್ತರ ಬೇರೆಯೇ ಬರುತ್ತಿತ್ತು. ರಕ್ತದೊತ್ತಡ ಕುಸಿದಿದೆ, ನಾಳಗಳನ್ನು ಬೇಗ ತುಂಬಿಸಬೇಕು ಎಂದರು. ಕೈಗೆ ಸೂಜಿ ಹಾಕಿದ್ದರು. ಯಾವ ಬಾಟಲಿ ತೂಗುಹಾಕುವುದು ಎನ್ನುವುದಷ್ಟೇ ಬಾಕಿ. ಡಾಕ್ಟರು ಆ ಅವಸರದಲ್ಲೂ ಅವ್ವನಿಗೆ ಬಿಡಿಸಿ ಹೇಳಿದರು. ಹಾಗೆ ಹೇಳುವುದು ಅವರ ಪದ್ಧತಿ.

"ಎರಡು ಥರದ್ದು ಅದಾವ್ರಿ ಅಕ್ಕಾರ. ಒಂದು ಬರೇ ಉಪ್ಪುನೀರು. ಅದು ನಾಳದಾಗ ಭಾಳ ಹೊತ್ತು ನಿಂದರಂಗಿಲ್ಲ, ಹೊರಗ ಸೋರಿ ಮೈಯೆಲ್ಲಾ ಬಾವು ಬರತೈತಿ. ಇನ್ನೊಂದು ಮೆಕ್ಕೆಜೋಳದ ಹಿಟ್ಟಿನಿಂದ ಮಾಡಿದ್ದು. ಅದು ನಾಳದಾಗಽ ಹಿಡಕೊಂಡು ನಿಂದರತೈತಿ."

ಜೋಳ ಎಂಬ ಮಾತು ಕಿವಿಗೆ ಬಿದ್ದದ್ದೇ ಅವ್ವನ ಮುಖ ಬದಲಾಯಿತು. ರೊಟ್ಟಿ ಬಡಿದು ಮನೆ ಸಾಕಿದ ಹೆಂಗಸು. ಬರೀ ನೀರು ಯಾರನ್ನಾದರೂ ಎಬ್ಬಿಸುತ್ತದೆ ಎಂದರೆ ನಂಬುವವಳಲ್ಲ. ಹಿಟ್ಟು ಎಂದರೆ ನಂಬುತ್ತಾಳೆ. ಡಾಕ್ಟರು ಸ್ಟೋರಿನಿಂದ ಆ ಬಾಟಲಿಗಳನ್ನು ತರಿಸಿದರು. ಅಪ್ಪನ ತಲೆಯ ಮೇಲೆ ಒಂದಾದ ಮೇಲೊಂದು ತೂಗಿದವು. ತುಸುಹೊತ್ತಿಗೆ ರಕ್ತದೊತ್ತಡ ಏರಿತು. ಅವ್ವ ಬಾಟಲಿಯ ಕಡೆ ನೋಡಿ ಕೈಮುಗಿದದ್ದು ನೆನಪಿದೆ. ಅಥವಾ ಡಾಕ್ಟರ ಕಡೆ...

ಪಕ್ಕದ ಹಾಸಿಗೆಯಲ್ಲಿ ಕಟ್ಟಡದ ಮೇಸ್ತ್ರಿಯೊಬ್ಬ, ಬಡವರ ಬಿಳಿ ರೇಷನ್ ಕಾರ್ಡಿನ ಮೇಲೆ ಸೇರಿದವನು. ಅವನಿಗೂ ಅದೇ ಎದೆಯ ಸೋಂಕು, ಅದೇ ತಣ್ಣನೆಯ ಕಾಲು. ಅವನಿಗೆ ಕಿರಿಯ ಡಾಕ್ಟರು ಉಪ್ಪುನೀರನ್ನೇ ಹಾಕಿದ್ದರು. ಅವನ ಹೆಂಡತಿ ನಮ್ಮ ಬಾಟಲಿಯನ್ನೂ ತನ್ನ ಗಂಡನ ಬಾಟಲಿಯನ್ನೂ ನೋಡಿ ನೋಡಿ, ಕೊನೆಗೆ ಅವ್ವನ ಸೆರಗು ಹಿಡಿದು ತೆಲುಗಿನಲ್ಲಿ ಕೇಳಿದಳು: "ಮಾ ಆಯನಕಿ ಅದಿ ಎಂದುಕು ಪೆಟ್ಟಲೇದಮ್ಮಾ?" ನಮ್ಮವರಿಗೆ ಅದನ್ನು ಯಾಕೆ ಹಾಕಲಿಲ್ಲ, ಎಂದು. ಅವ್ವ ತನ್ನ ಪಾಲಿನ ಚಹಾವನ್ನು ಅವಳ ಕೈಗೆ ಕೊಟ್ಟಳು. ನನಗೂ ಪಾಪ ಅನ್ನಿಸಿತು. ಡಾಕ್ಟರು ನಮ್ಮವರಾಗಿದ್ದು ನಮ್ಮ ಪುಣ್ಯ ಎಂದುಕೊಂಡೆ.

ಮೇಸ್ತ್ರಿ ಎದ್ದು ಕೂತ. ಅಪ್ಪನ ಮೂತ್ರ ನಿಂತಿತು. ಮೂತ್ರಪಿಂಡ ಸೋತಿದೆ ಎಂದು ಯಂತ್ರಕ್ಕೆ ಹಾಕಿದರು, ತೆಗೆದರು, ಮತ್ತೆ ಹಾಕಿದರು. ಬಾತುಹೋದ ಆ ಕೈಯಲ್ಲಿ ಬೆಸುಗೆಯ ಹಳೆಯ ಕಲೆ ಹಿಗ್ಗಿ, ಯಾರದೋ ಕೈಯಂತೆ ಕಾಣುತ್ತಿತ್ತು. ಮೇಸ್ತ್ರಿ ಹೆಂಡತಿಯ ಹೆಗಲು ಹಿಡಿದು ನಡೆದುಕೊಂಡು ಮನೆಗೆ ಹೋದ. ಅಪ್ಪ ಹೋಗಿಬಿಟ್ಟರು. ಸೋಂಕು ಹಾಗಿತ್ತು ಎಂದರು ಎಲ್ಲರೂ. ಡಾಕ್ಟರು ತಮ್ಮಿಂದ ಆಗುವುದನ್ನೆಲ್ಲ ಮಾಡಿದರು ಎಂದರು. ಅದು ಸುಳ್ಳಾಗಿರಲಿಲ್ಲ.

ವರ್ಷಕ್ಕೊಮ್ಮೆ ಅಪ್ಪನ ಪುಣ್ಯತಿಥಿಗೆ ಗೋಧಿ ಹುಗ್ಗಿ ಮಾಡುತ್ತಿದ್ದಳು ಅವ್ವ. ಮಲ್ಕಾಜ್‌ಗಿರಿಯಿಂದ ಜಂಗಮಯ್ಯನವರು ಬರಬೇಕು, ಅವರ ಪಾದ ತೊಳೆದು ಪೂಜಿಸಿ, ಮೊದಲ ಗಂಗಾಳ ಅವರಿಗೆ ಬಡಿಸಬೇಕು. ಎರಡನೆಯದು ಎದುರುಮನೆಯ ಡಾಕ್ಟರಿಗೆ. ಅದಾದ ಮೇಲೆ ನಮಗೆ. ಇದನ್ನು ಯಾರೂ ಗೊತ್ತುಮಾಡಿದ್ದಲ್ಲ. ಅವ್ವ ಒಂದು ವರ್ಷ ಹಾಗೆ ಬಡಿಸಿದಳು, ಮುಂದೆ ಅದೇ ಪದ್ಧತಿಯಾಯಿತು.

ಒಂದು ವರ್ಷ ಪುಣ್ಯತಿಥಿಯ ದಿನವೇ ಬಂದ್ ಬಿತ್ತು. ಆಂಧ್ರ ಇನ್ನೂ ಒಂದಾಗಿತ್ತು, ಒಂದಾಗಿ ಉಳಿಯುವುದಿಲ್ಲ ಎಂಬುದು ಎಲ್ಲರಿಗೂ ಗೊತ್ತಿತ್ತು. ಬಂದ್ ಆಗದ ವಾರವೇ ಕಡಿಮೆ. ಬಸ್ಸಿಲ್ಲ, ಆಟೋ ಇಲ್ಲ. ಅಯ್ಯನವರು ಬರಲಾಗುವುದಿಲ್ಲ ಎಂದು ಫೋನು ಮಾಡಿದರು. ಹುಗ್ಗಿ ಒಲೆಯ ಮೇಲೆ ಕುದಿಯುತ್ತಿತ್ತು. ಅವ್ವ ಒಂದು ಗಳಿಗೆ ಕಿಟಕಿಯ ಆಚೆ ನೋಡುತ್ತ ನಿಂತು, "ರಸ್ತೆ ದಾಟಿ ಬರೋರು ಒಬ್ಬರು ಅದಾರಲ್ಲ" ಎಂದಳು.

ಡಾಕ್ಟರು ಬಂದರು. ಅಂಗಿಗೆ ಗಂಜಿ ಇರಲಿಲ್ಲ, ಮುದ್ದೆಯಾಗಿತ್ತು. ಇದು ಮಾತ್ರ ನನಗೆ ಖಚಿತ, ಅವ್ವ ಅಂದೂ ಅವರನ್ನು ಕಾಡಿದಳಲ್ಲ: "ಇವತ್ತ ನೀವಽ ಬಂದೀರಿ, ಅಂಗಿ ಮನ್ಯಾಗ ಉಳದೈತಿ." ಅವರು ನಗಲಿಲ್ಲ. ಅವ್ವ ಗಮನಿಸಲಿಲ್ಲ. ಮಣೆ ಹಾಕಿ, "ಅಯ್ಯನೋರು ಬರವಲ್ಲರು. ಈ ವರ್ಷ ನೀವಽ ಅಯ್ಯನೋರು, ಕೂಡ್ರಿ" ಎಂದು ತಂಬಿಗೆ ನೀರು ಹಿಡಿದು ಅವರ ಕಾಲ ಬಳಿ ಬಾಗಿದಳು.

ಅವರು ಕಾಲು ಹಿಂದಕ್ಕೆ ಎಳೆದುಕೊಂಡರು. ಕೆಂಡ ಮುಟ್ಟಿದವರ ಹಾಗೆ.

"ಬ್ಯಾಡ್ರಿ ಅಕ್ಕಾರ. ಅದೊಂದು ಬ್ಯಾಡ."

"ಯಾಕ್ರಿ, ಜಾತಿ ನೆನಪಾತೇನು ಇವತ್ತ?" ಅವ್ವ ಇನ್ನೂ ನಗುತ್ತಲೇ ಇದ್ದಳು, ಬಾಗಿಕೊಂಡೇ.

"ಆ ಜೋಳದ ಬಾಟ್ಲಿ ಐತೆಲ್ಲ, ಈಗ ಅದನ್ನ ಹಾಕಬ್ಯಾಡ್ರಿ ಅನ್ನಾಕತ್ತಾರ. ಹೊರದೇಶದಾಗ ಎರಡೂ ಹಾಕಿ ತೂಗಿ ನೋಡ್ಯಾರ. ಸೋಂಕು ರಕ್ತಕ್ಕ ಇಳಿದೋರಿಗೆ ಅದು ಮೂತ್ರಪಿಂಡ ಕೆಡಸತೈತಿ. ಉಪ್ಪುನೀರು ಹಾಕಿದವರಿಗಿಂತ ಅದನ್ನ ಹಾಕಿದೋರು ಹೆಚ್ಚು ಸತ್ತಾರ. ನಾ ಇಷ್ಟು ವರ್ಷ ಅದಽ ಛಲೋದು ಅಂತ ಹಾಕೀನಿ, ಹುಡುಗರಿಗೂ ಕಲಿಸೀನಿ."

ಅವ್ವ ನೆಟ್ಟಗಾದಳು. ತಂಬಿಗೆ ಕೈಯಲ್ಲೇ ಇತ್ತು.

"ನಿಮ್ಮವರು ಅದರಿಂದಽ ಹೋದ್ರು ಅಂತ ಹೇಳಾಕ ನನಗ ಬರಂಗಿಲ್ಲ. ಅದರಿಂದ ಹೋಗಿಲ್ಲ ಅಂತ ಹೇಳಾಕೂ ಬರಂಗಿಲ್ಲ. ಹೇಳದ ಈ ಹುಗ್ಗಿ ಉಣ್ಣಾಕ ಆಗಂಗಿಲ್ರಿ."

ಆಮೇಲಿನದ್ದು ನನ್ನಲ್ಲಿ ತುಂಡುತುಂಡಾಗಿದೆ. ದೂರದಲ್ಲಿ ಘೋಷಣೆ ಕೂಗುತ್ತ ಹೋದ ಮೆರವಣಿಗೆ, ಅಥವಾ ಅದು ಬೇರೆ ದಿನದ್ದು. ಆ ಮನುಷ್ಯನನ್ನು ಹೊಡೆಯಬೇಕು ಅನ್ನಿಸಿತು. ಅವರ ಕೈ ಹಿಡಿದುಕೊಳ್ಳಬೇಕು ಅಂತಲೂ ಅನ್ನಿಸಿತು. ಯಾವುದು ಮೊದಲು ಅನ್ನಿಸಿತು ಎಂದು ಕೇಳಿದರೆ ನನಗೆ ಅನುಕೂಲವಾದದ್ದನ್ನೇ ಹೇಳುತ್ತೇನೆ. ಕಣ್ಣ ಮುಂದೆ ಇದ್ದದ್ದು ಮೇಸ್ತ್ರಿಯ ಹೆಂಡತಿ, ನಮ್ಮ ಬಾಟಲಿಯನ್ನು ಆಸೆಯಿಂದ ನೋಡುತ್ತ ನಿಂತವಳು. ನಾವು ಪಾಪ ಎಂದುಕೊಂಡು ಚಹಾ ಕೊಟ್ಟವಳು. ಅವಳಿಗೆ ಪರಿಚಯದ ಡಾಕ್ಟರು ಇರಲಿಲ್ಲ. ಅವಳ ಗಂಡ ನಡೆದುಕೊಂಡು ಮನೆಗೆ ಹೋದ.

ಅವ್ವ ತಂಬಿಗೆಯನ್ನು ಇನ್ನೊಂದು ಕೈಗೆ ಬದಲಿಸಿದಳು.

"ನಾನಽ ಕೇಳಿದ್ದೆನಲ್ಲರಿ. ಎಲ್ಲಾರಿಗೂ ಹಾಕೋ ನೀರು ಬ್ಯಾಡ್ರಿ, ನಮ್ಮವರಿಗೆ ಛಲೋದು ಹಾಕ್ರಿ ಅಂತ."

"ಇಲ್ರಿ." ಡಾಕ್ಟರು ಒಂದು ಉಸಿರೂ ತಡೆಯಲಿಲ್ಲ. "ನೀವು ಏನೂ ಕೇಳಿರಲಿಲ್ಲ. ಆರಿಸಿದಾವ ನಾನು."

"ಕೇಳಿದ್ದೆ."

"ಕೇಳಿಲ್ರಿ ಅಕ್ಕಾರ. ನನಗ ನೆನಪೈತಿ."

ಅವ್ವ ನನ್ನ ಕಡೆ ತಿರುಗಿದಳು. ಆ ಚಳಿಗಾಲದಲ್ಲಿ ನಾನು ಅವರಿಬ್ಬರ ನಡುವೆಯೇ ನಿಂತಿದ್ದವಳು. ಡಾಕ್ಟರೂ ನನ್ನನ್ನೇ ನೋಡುತ್ತಿದ್ದರು, ಬೇಡಿಕೊಳ್ಳುವವರ ಹಾಗೆ. ಆ ಕ್ಷಣದಲ್ಲಿ ನನಗೆ ಎರಡೂ ಕಂಡಿತು. ಅವ್ವ ಅವರ ಕೋಟಿನ ತುದಿ ಹಿಡಿದು ಕೇಳುತ್ತಿರುವುದು. ಅವ್ವ ಗೋಡೆಗೆ ಒರಗಿ ತುಟಿ ಬಿಗಿದು ಸುಮ್ಮನೆ ನಿಂತಿರುವುದು. ಇವತ್ತಿಗೂ ಎರಡೂ ಕಾಣುತ್ತವೆ, ಒಂದೇ ಬೆಳಕಿನಲ್ಲಿ, ಒಂದೇ ಬಣ್ಣದ ಸೀರೆಯಲ್ಲಿ.

"ಇಲ್ಲವ್ವ, ನೀ ಏನೂ ಕೇಳಿರಲಿಲ್ಲ" ಎಂದೆ.

ಅವಳು ತಂಬಿಗೆಯನ್ನು ನೆಲಕ್ಕಿಟ್ಟಳು. ಅವಳ ಮುಂದಿನ ಮಾತಿಗೆ ನಾನು ಸಿದ್ಧಳಾಗಿರಲಿಲ್ಲ.

"ಆ ಮೇಸ್ತ್ರಿ ಅದಾನೇನ್ರಿ?"

"ಅದಾನ್ರಿ. ಮಗಳ ಮದುವಿಗೆ ಕರ್ಯಾಕ ಬಂದಿದ್ದ."

"ಛಲೋ ಆತು" ಎಂದು ಅವ್ವ ಒಳಗೆ ಹೋದಳು. ಒಲೆ ಆರಿಸಿದ ಸಪ್ಪಳ ಕೇಳಿತು. ಡಾಕ್ಟರು ಚಪ್ಪಲಿ ಹಾಕಿಕೊಂಡು, ಬಿಕೋ ಎನ್ನುತ್ತಿದ್ದ ರಸ್ತೆಯನ್ನು ದಾಟುವಾಗ ಎರಡೂ ಕಡೆ ತಿರುಗಿ ನೋಡಿದರು. ಒಂದು ಸೈಕಲ್ಲೂ ಇರಲಿಲ್ಲ.

ಆ ಸಂಜೆ ಅವ್ವ ಡಬ್ಬಿಯಲ್ಲಿ ಹುಗ್ಗಿ ಹಾಕಿ ನನ್ನ ಕೈಯಲ್ಲಿ ಕಳಿಸಿದಳು. ಮುಂದಿನ ವರ್ಷವೂ ಕಳಿಸಿದಳು. ಅವರು ಬಾಗಿಲಲ್ಲೇ ಎರಡೂ ಕೈಯಲ್ಲಿ ಇಸಿದುಕೊಳ್ಳುತ್ತಿದ್ದರು. ಡಬ್ಬಿ ತೊಳೆದು ವಾಪಸು ಬರುತ್ತಿತ್ತು. ಉಂಡರೋ, ಯಾರಿಗಾದರೂ ಕೊಟ್ಟರೋ... ಅವರು ನಮ್ಮ ಹೊಸ್ತಿಲು ಮತ್ತೆ ತುಳಿಯಲಿಲ್ಲ. ಅವ್ವ ಕರೆಯಲೂ ಇಲ್ಲ. ಆ ದಿನದ ಬಗ್ಗೆ ಅವಳು ನನ್ನೊಡನೆ ಒಂದು ಮಾತೂ ಆಡಲಿಲ್ಲ. ಆಡದಿದ್ದರಿಂದ, ನಾನೂ ಡಾಕ್ಟರೂ ಸೇರಿ ಹೇಳಿದ್ದನ್ನು ಅವಳು ಒಪ್ಪಿಕೊಂಡಳು ಎಂದು ನಾನು ತಿಳಿದೆ. ರಾಜ್ಯ ಎರಡಾಗುವ ಮೊದಲೇ ಡಾಕ್ಟರು ರಾಯಚೂರಿಗೆ ಹೊರಟುಹೋದರು. ತೀರಿಕೊಂಡ ಸುದ್ದಿಯೂ ಅಲ್ಲಿಂದಲೇ ಬಂತು, ತಡವಾಗಿ, ಬೇರೆ ಯಾರದೋ ಮಾತಿನ ನಡುವೆ. ಎದುರುಮನೆಯನ್ನು ಕೆಡವಿ ಅಪಾರ್ಟ್‌ಮೆಂಟ್ ಕಟ್ಟಿದ್ದಾರೆ. ಈಗ ಹುಗ್ಗಿ ಕಳಿಸಲು ಅಲ್ಲಿ ಬಾಗಿಲಿಲ್ಲ.

ಚಾದರ ಹಾಸಿ ಮುಗಿಯಿತು. ನರ್ಸು ಬಂದು ಬಾಟಲಿ ತೂಗುಹಾಕಿ ಅವ್ವನ ಕೈ ಹಿಡಿದಳು. ಅವ್ವ ಕೈ ಹಿಂದಕ್ಕೆ ಎಳೆದುಕೊಂಡಳು. ಕಣ್ಣು ಬಾಟಲಿಯ ಮೇಲೆಯೇ ಇತ್ತು.

"ಯಾವ ನೀರದು?"

"ಉಪ್ಪುನೀರವ್ವ."

"ಎಲ್ಲಾರಿಗೂ ಹಾಕೋದಽ ಹೌದಿಲ್ಲೋ ನೋಡು."

ತಿರುಗಿ ನೋಡಿದೆ. ಪಕ್ಕದ ಹಾಸಿಗೆಯ ಮುದುಕಿಗೆ, ಅದರ ಆಚೆಯ ಹುಡುಗಿಗೆ, ಗೋಡೆಯ ಬಳಿಯಲ್ಲಿ ಮಲಗಿದ್ದವರಿಗೆ... ಎಲ್ಲ ಕಡೆ ಅದೇ ಬಾಟಲಿ. ಹೌದು ಎಂದು ತಲೆಯಾಡಿಸಿದೆ.

ಅವ್ವ ಸೆರಗು ಸರಿಸಿ ನರ್ಸಿನ ಮುಂದೆ ಕೈ ಚಾಚಿದಳು.